ಒಬ್ಬರೇ ಇರ್ತೀರಾ? ಜನ ನನ್ನನ್ನು ಪದೇ ಪದೇ ಕೇಳುವ ಪ್ರಶ್ನೆಗಳು

ನನಗೀಗ 72 ವರ್ಷ. ಕೊಪ್ಪಳ ಜಿಲ್ಲೆಯ ಕುಕನೂರು ಕಡೆಯ ಒಂದು ಹಳ್ಳಿಯಲ್ಲಿ ಒಬ್ಬಳೇ ಇದ್ದೇನೆ. 1976ರಿಂದ 2013ರವರೆಗೆ ಸರ್ಕಾರಿ ನರ್ಸ್ ಆಗಿ ಈ ಸೀಮೆಯ ಹಳ್ಳಿಗಳನ್ನೆಲ್ಲ ಸುತ್ತಿದ್ದೇನೆ. ನಾನು ಕೆಲಸಕ್ಕೆ ಸೇರಿದಾಗ ನಮ್ಮದು ರಾಯಚೂರು ಜಿಲ್ಲೆ, 1997ರಲ್ಲಿ ಕೊಪ್ಪಳ ಬೇರೆ ಜಿಲ್ಲೆ ಆಯಿತು. ಹೆರಿಗೆ ಮಾಡಿಸಿದ್ದಕ್ಕೆ, ಮಕ್ಕಳಿಗೆ ಸೂಜಿ ಚುಚ್ಚಿದ್ದಕ್ಕೆ ಊರವರಿಗೆ ಇವತ್ತಿಗೂ ನಾನು ನರ್ಸಮ್ಮ.

ಬಸ್ಸಿನಲ್ಲಿ, ಮದುವೆ ಮನೆಯಲ್ಲಿ, ಬ್ಯಾಂಕಿನ ಸಾಲಿನಲ್ಲಿ ಸಿಕ್ಕವರೆಲ್ಲ ಅದೇ ಹತ್ತು ಹದಿನೈದು ಪ್ರಶ್ನೆ ಕೇಳುತ್ತಾರೆ. ಕೆಲವರಿಗೆ ಕುತೂಹಲ. ಕೆಲವರಿಗೆ ಊರಲ್ಲಿ ಬಿಟ್ಟು ಬಂದ ತಾಯಿಯ ಚಿಂತೆ. ಮೊಮ್ಮಗಳು "ಎಲ್ಲಾ ಬರೆದುಬಿಡಮ್ಮ, ನಾನು ಟೈಪ್ ಮಾಡ್ತೀನಿ" ಅಂದಳು. ಬರೆದಿದ್ದೇನೆ.

ಮಕ್ಕಳಿಲ್ವಾ? ಜಗಳ ಏನಾದ್ರೂ ಆಯ್ತಾ?

ಮಗ ಬೆಂಗಳೂರಿನಲ್ಲಿದ್ದಾನೆ, ಮಗಳು ಹುಬ್ಬಳ್ಳಿಯಲ್ಲಿದ್ದಾಳೆ. ಯಜಮಾನರು ತೀರಿಕೊಂಡು 14 ವರ್ಷ ಆಯಿತು. ಯಾರ ಜೊತೆಗೂ ಜಗಳ ಇಲ್ಲ, ಮನಸ್ತಾಪ ಇಲ್ಲ.

ಈ ಪ್ರಶ್ನೆಯ ಬೆನ್ನಿಗೆ ಇನ್ನೊಂದು ಪ್ರಶ್ನೆ ಇರುತ್ತದೆ. ಸೊಸೆ ಹೇಗೆ ಅಂತ. ವಯಸ್ಸಾದ ಹೆಂಗಸು ಒಬ್ಬಳೇ ಇದ್ದಾಳೆ ಅಂದರೆ ಜನ ಮೊದಲು ಸೊಸೆಯ ಮೇಲೆ ಕಣ್ಣು ಹಾಕುತ್ತಾರೆ. ನನ್ನ ಸೊಸೆ ಬಂಗಾರದಂಥವಳು. ಮಾಡದ ತಪ್ಪಿಗೆ ಅವಳು ಎಷ್ಟು ಮಂದಿಯ ಮಾತು ಕೇಳಿದ್ದಾಳೋ, ಅದು ನನಗೆ ನಿಜಕ್ಕೂ ನೋವಿನ ವಿಷಯ. ದಯವಿಟ್ಟು ಯಾರ ಮನೆಯಲ್ಲೂ ಹೀಗೆ ಕೇಳಬೇಡಿ.

ಮಗನ ಮನೆ ಬೆಂಗಳೂರಲ್ಲೇ ಇದೆಯಲ್ಲ, ಅಲ್ಲೇ ಇರಬಹುದಿತ್ತಲ್ವಾ?

ಇದ್ದೆ. 2014ರಲ್ಲಿ ಎಂಟು ತಿಂಗಳು ಇದ್ದೆ. ಏಳನೇ ಮಹಡಿಯ ಮನೆ. ಗಾಳಿ ಬೆಳಕು ಚೆನ್ನಾಗಿತ್ತು. ಒಂದು ಲೋಟ ತೊಳೆಯಲು ಎದ್ದರೂ ಸೊಸೆ "ಬಿಡ್ರಿ ಅತ್ತಿ, ನೀವು ಕೂತ್ಕೊಳ್ರಿ" ಅನ್ನುವಳು. ಪ್ರೀತಿಯಿಂದಲೇ ಅನ್ನುವಳು. ಮೊದಲ ತಿಂಗಳು ಹಾಯೆನಿಸಿತು. ಇಷ್ಟು ವರ್ಷ ದುಡಿದಿದ್ದೇನೆ, ಇನ್ನು ಕೂತು ಉಣ್ಣೋಣ ಅಂದುಕೊಂಡೆ. ಮೂರನೇ ತಿಂಗಳಿಗೆ ನನ್ನ ದಿನವೆಲ್ಲ ಕಾಯುವುದರಲ್ಲೇ ಹೋಗತೊಡಗಿತು. ಮೊಮ್ಮಗಳು ಶಾಲೆಯಿಂದ ಬರುವುದನ್ನು ಕಾಯಬೇಕು, ಅವರಿಬ್ಬರು ಆಫೀಸಿನಿಂದ ಬರುವುದನ್ನು ಕಾಯಬೇಕು, ಭಾನುವಾರ ಬರಲಿ ಅಂತ ಕಾಯಬೇಕು.

ಒಂದು ದಿನ ಊರಿನಿಂದ ಯಾರೋ ಬಸ್ಸಿಗೆ ಹಾಕಿ ಕಳಿಸಿದ ಜೋಳದ ಚೀಲ ಬಂತು. ಬಾಯಿ ಬಿಚ್ಚಿ ಮೊಣಕೈವರೆಗೆ ಕೈ ಇಳಿಸಿದೆ. ಒಳಗೆ ಜೋಳ ತಣ್ಣಗಿತ್ತು. ಸುಮ್ನೆ ಹಾಗೇ ಕೂತೆ. ರಾತ್ರಿ ಮಗನಿಗೆ "ಊರಿಗೆ ಬಿಟ್ಟು ಬಾರಪ್ಪ" ಅಂದೆ. "ಸಿಟ್ಟಾಗೀ ಏನವ್ವ?" ಅಂತ ಕೇಳಿದ. "ಇಲ್ಲಪ್ಪ. ಕೈ ಖಾಲಿ ಅದಾವು" ಅಂದೆ. ಅವನಿಗೆ ಅರ್ಥವಾಗಲು ಒಂದು ವರ್ಷ ಬೇಕಾಯಿತು. ಈಗ ನನಗಿಂತ ಚೆನ್ನಾಗಿ ಬೇರೆಯವರಿಗೆ ಅವನೇ ಹೇಳುತ್ತಾನೆ.

ಬೇಜಾರಾಗಲ್ವಾ?

ಆಗುತ್ತದೆ. ಆಗುವುದಿಲ್ಲ ಅಂದರೆ ಸುಳ್ಳು ಹೇಳಿದಂತೆ. ಶ್ರಾವಣದಲ್ಲಿ ಜಿಟಿಜಿಟಿ ಮಳೆ ಹಿಡಿದು ಸಂಜೆ ಕರೆಂಟು ಹೋದಾಗ ಆಗುತ್ತದೆ. ದೀಪಾವಳಿಗೆ ಬಂದ ಮಕ್ಕಳು ಕಾರು ಹತ್ತಿ ಹೋದ ಮಧ್ಯಾಹ್ನ ಎಲ್ಲಕ್ಕಿಂತ ಜಾಸ್ತಿ. ಆವತ್ತು ನಾನು ಮನೆ ಕಸ ಹೊಡೆಯುವುದಿಲ್ಲ. ಮೊಮ್ಮಕ್ಕಳ ಹಾಸಿಗೆ ಸಂಜೆವರೆಗೆ ಹಾಗೇ ಬಿದ್ದಿರುತ್ತದೆ. ದೀಪ ಹಚ್ಚುವ ಹೊತ್ತಿಗೆ ಎದ್ದು ಒಂದೊಂದೇ ಮಡಚಿ ಇಡುತ್ತೇನೆ.

ಬೆಂಗಳೂರಿನಿಂದ ವಾಪಸು ಬಂದ ಮೊದಲ ಎರಡು ವರ್ಷ ಕಷ್ಟವಾಯಿತು. ಊಟಕ್ಕೆ ಕೂರುವಾಗ ಕೈ ತಾನಾಗಿ ಎರಡು ತಾಟು ತೆಗೆಯುತ್ತಿತ್ತು. ಮನೆಯಲ್ಲಿ ದನಿ ಇರಲಿ ಅಂತ ಇಡೀ ದಿನ ರೇಡಿಯೋ ಹಾಕಿಡುತ್ತಿದ್ದೆ. ಆಮೇಲೆ ಯಾವಾಗಲೋ ಅದನ್ನು ಹಾಕುವುದು ಮರೆತು ಹೋಯಿತು. ಯಾವ ದಿನ ಅಂತ ಹೇಳಲಾರೆ. ಹಿತ್ತಲಲ್ಲಿ ಪುಂಡಿ ಪಲ್ಯದ ಬೀಜ ಉದುರಿಸುವಾಗ, ಇವತ್ತು ರೇಡಿಯೋ ಹಾಕೇ ಇಲ್ಲವಲ್ಲ ಅಂತ ನೆನಪಾಯಿತು. ಅಷ್ಟೆ.

ಆದರೆ ಒಂದು ಮಾತು, ಇದನ್ನು ನರ್ಸ್ ಆಗಿ ಹೇಳುತ್ತಿದ್ದೇನೆ. ಬಂದು ಹೋಗುವ ಬೇಜಾರು ಬೇರೆ. ಎರಡು ವಾರವಾದರೂ ಊಟ ಸೇರದೆ, ನಿದ್ದೆ ಬಾರದೆ, ಯಾವುದಕ್ಕೂ ಮನಸ್ಸಾಗದೆ ಇದ್ದರೆ ಅದು ಕಾಯಿಲೆ. ವಯಸ್ಸಾದ ಮೇಲೆ ಹೀಗೇ ಅಂತ ಬಿಡಬಾರದು. ಟೆಲಿ ಮಾನಸ್ ಅನ್ನುವ ಸರ್ಕಾರಿ ಸಹಾಯವಾಣಿ ಇದೆ, ನಂಬರ್ 14416. ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡಬಹುದು. ನಮ್ಮೂರಿನ ಒಬ್ಬ ಅಜ್ಜನಿಗೆ ನಾನೇ ಫೋನು ಹಚ್ಚಿ ಕೊಟ್ಟಿದ್ದೇನೆ.

ದಿನವಿಡೀ ಏನು ಮಾಡ್ತೀರಿ?

ಐದಕ್ಕೆ ಏಳುತ್ತೇನೆ. ಅಂಗಳಕ್ಕೆ ನೀರು ಹಾಕಿ ರಂಗೋಲಿ ಬಿಡುತ್ತೇನೆ. ಚಹಾ. ಹಿತ್ತಲಲ್ಲಿ ಮೆಂತ್ಯ, ಪುಂಡಿ, ಕರಿಬೇವು, ಒಂದು ನುಗ್ಗಿ ಗಿಡ ಇವೆ. ಬಿಸಿಲೇರುವವರೆಗೆ ಅಲ್ಲೇ ಕೆಲಸ. ಆಮೇಲೆ ಅಡುಗೆ, ಊಟ, ಒಂದು ತಾಸು ನಿದ್ದೆ. ಮೂರು ಗಂಟೆಗೆ ಮನೆ ಮುಂದಿನ ಕಟ್ಟೆ ಮೇಲೆ ನಾಲ್ಕು ಜನ ಸೇರುತ್ತಾರೆ. ಶೇಂಗಾ ಸುಲಿಯುವವರು, ಕೌದಿ ಹೊಲಿಯುವವರು, ಬಿಪಿ ನೋಡಿಸಿಕೊಳ್ಳುವವರು. ಬಿಪಿ ಮಷೀನು ನನ್ನದೇ. ಜಾಸ್ತಿ ತೋರಿಸಿದರೆ ಮದ್ದು ನಾನು ಕೊಡುವುದಿಲ್ಲ, ಆಸ್ಪತ್ರೆಗೆ ಅಟ್ಟುತ್ತೇನೆ. ಬಿಪಿ, ಸಕ್ಕರೆ ಕಾಯಿಲೆಯ ಗುಳಿಗೆ ಪ್ರಾಥಮಿಕ ಆರೋಗ್ಯ ಕೇಂದ್ರದಲ್ಲಿ ಪುಕ್ಕಟೆ ಸಿಗುತ್ತವೆ.

ತಿಂಗಳಿಗೊಮ್ಮೆ ಬಸ್ಸು ಹತ್ತುತ್ತೇನೆ. 2023ರ ಜೂನ್‌ನಲ್ಲಿ ಶಕ್ತಿ ಯೋಜನೆ ಬಂದ ಮೇಲೆ ಹೆಂಗಸರಿಗೆ ಟಿಕೆಟಿನ ದುಡ್ಡಿಲ್ಲ, ಆಧಾರ್ ಕಾರ್ಡ್ ತೋರಿಸಿದರೆ ಸಾಕು. ನಾನು ಹೋಗುವುದು ಜಾಸ್ತಿ ಇಟಗಿಗೆ. ಅಲ್ಲಿಯ ಮಹಾದೇವ ಗುಡಿ 1112ರಲ್ಲಿ ಕಟ್ಟಿದ್ದು, ಶಾಸನದಲ್ಲಿ ಅದನ್ನು ದೇವಾಲಯ ಚಕ್ರವರ್ತಿ ಅಂತ ಕರೆದಿದ್ದಾರೆ. ಕಂಬಗಳ ನೆರಳಲ್ಲಿ ಬುತ್ತಿ ಬಿಚ್ಚದೆ ಒಂದು ತಾಸು ಕೂತಿರುತ್ತೇನೆ. ಕಲ್ಲು ಬೆನ್ನಿಗೆ ತಂಪು ಕೊಡುತ್ತದೆ. ಹೊರಗೆ ಬಂದು ಬೇವಿನ ಗಿಡದ ಕೆಳಗೆ ಊಟ ಮಾಡಿ ಮೂರರ ಬಸ್ಸಿಗೆ ವಾಪಸು.

ಒಬ್ಬರಿಗೋಸ್ಕರ ಏನು ಅಡುಗೆ ಮಾಡೋದು ಅಂತ ಅನ್ನಿಸಲ್ವಾ?

ಈ ಪ್ರಶ್ನೆಗೆ ಉದ್ದವಾಗಿ ಉತ್ತರ ಕೊಡುತ್ತೇನೆ. ಒಬ್ಬರೇ ಇರುವವರು ಸೋಲಲು ಶುರುವಾಗುವುದು ಅಡುಗೆ ಮನೆಯಿಂದ. ನಾನು ಕಣ್ಣಾರೆ ನೋಡಿದ್ದೇನೆ.

"ಒಬ್ಬಾಕಿಗೆ ಯಾಕ ಒಲಿ ಹಚ್ಚಬೇಕು" ಅಂತ ಮೊದಲು ರಾತ್ರಿಯ ಅಡುಗೆ ಬಿಡುತ್ತಾರೆ. ಆಮೇಲೆ ಪಲ್ಯ ಬಿಡುತ್ತಾರೆ. ಅನ್ನ ಉಪ್ಪಿನಕಾಯಿ, ಇಲ್ಲಾ ಚಹಾ ಮಂಡಕ್ಕಿ. ಆರು ತಿಂಗಳಿಗೆ ಮುಖ ಬಿಳಿಚುತ್ತದೆ, ನಾಲ್ಕು ಹೆಜ್ಜೆಗೆ ಏದುಸಿರು ಬರುತ್ತದೆ. ರಕ್ತ ತಪಾಸಣೆ ಮಾಡಿಸಿದರೆ ಹಿಮೋಗ್ಲೋಬಿನ್ ಏಳು. ವಯಸ್ಸಾಯಿತು ಅಂತ ಎಲ್ಲರೂ ಅಂದುಕೊಂಡಿರುತ್ತಾರೆ. ಅದು ವಯಸ್ಸಲ್ಲ, ಹಸಿವು.

ನಾನು ಒಬ್ಬಳಿಗೆ ಅಂತಲೇ ಅಳತೆ ಹಾಕಿಕೊಂಡಿದ್ದೇನೆ. ದಿನಕ್ಕೆ ಮೂರು ರೊಟ್ಟಿ, ತಿಂಗಳಿಗೆ ಆರು ಕಿಲೋ ಬಿಳಿಜೋಳ. ಎಲ್ಲವನ್ನೂ ಒಮ್ಮೆಗೇ ಬೀಸಿಸುವುದಿಲ್ಲ. ಹಿಟ್ಟು ಹಳತಾದರೆ ಜಿಗಿ ಹೋಗಿ ರೊಟ್ಟಿಯ ಅಂಚು ಬಿರಿಯುತ್ತದೆ. ವಾರಕ್ಕೆ ಒಂದೂವರೆ ಕಿಲೋ ಗಿರಣಿಗೆ ಒಯ್ಯುತ್ತೇನೆ. ಇಷ್ಟೇ ಇಷ್ಟು ಅಂತ ಗಿರಣಿಯವರು ಬೇಸರ ಮಾಡುವುದಿಲ್ಲ, ಬೇರೆಯವರ ಜೋಳ ಬೀಸಿದ ಮೇಲೆ ನನ್ನದನ್ನು ಸುರಿಯುತ್ತಾರೆ. ಬಿಸಿ ಹಿಟ್ಟಿನ ಡಬ್ಬಿ ಹೊಟ್ಟೆಗೆ ಅವಚಿಕೊಂಡು ಮನೆಗೆ ಬರುವುದು ಚಳಿಗಾಲದಲ್ಲಿ ಒಂದು ಸುಖ.

ಹಿಟ್ಟಿಗೆ ಕುದಿಯುವ ನೀರು ಹಾಕಿ, ಕೈ ತಾಳುವಷ್ಟು ಆರಿದ ಮೇಲೆ ನಾದುತ್ತೇನೆ. ಒಂದು ಉಂಡೆ, ಕೆಳಗೆ ಒಣ ಹಿಟ್ಟು. ಎರಡೂ ಕೈಯಿಂದ ಬಡಿಯುತ್ತ ಹೋದಂತೆ ರೊಟ್ಟಿ ತಾನೇ ತಿರುಗುತ್ತದೆ. ಮಣಿಕಟ್ಟು ಮುರಿದ ಮೇಲೆ ಮೊದಲಿನಷ್ಟು ತೆಳ್ಳಗೆ ಬರುವುದಿಲ್ಲ, ಆದರೂ ಬರುತ್ತದೆ. ಹಂಚಿನ ಮೇಲೆ ಹಾಕಿ ಒದ್ದೆ ಬಟ್ಟೆಯಿಂದ ಮೇಲ್ಮೈ ಸವರಿದಾಗ ಸುಂಯ್ ಅನ್ನುತ್ತದೆ. ತಿರುವಿ ಹಾಕಿ ಅಂಚು ಒತ್ತಿದರೆ ಪೂರಿಯಂತೆ ಉಬ್ಬುತ್ತದೆ. ಐವತ್ತು ವರ್ಷದಿಂದ ನೋಡುತ್ತಿದ್ದೇನೆ, ಇವತ್ತೂ ಅದು ಉಬ್ಬಿದಾಗ ಮನಸ್ಸಿಗೆ ಖುಷಿಯಾಗುತ್ತದೆ. ಜೊತೆಗೆ ಹಿತ್ತಲ ಪುಂಡಿ ಪಲ್ಯ, ಇಲ್ಲಾ ಹೆಸರುಕಾಳು, ಬದನೆಕಾಯಿ. ಶೇಂಗಾ ಹಿಂಡಿ, ಅಗಸಿ ಹಿಂಡಿ, ಗುರೆಳ್ಳು ಪುಡಿ ಮೂರೂ ಡಬ್ಬಿ ತುಂಬಿರುತ್ತವೆ. ಮೈ ಸರಿಯಿಲ್ಲದ ದಿನಕ್ಕೆ ಕಡಕ್ ರೊಟ್ಟಿ ಇದೆ. ಒಣಗಿಸಿ ಡಬ್ಬಿಗೆ ಹಾಕಿಟ್ಟರೆ ವಾರಗಟ್ಟಲೆ ಕೆಡುವುದಿಲ್ಲ. ಮೊಸರು ಹಚ್ಚಿ ನೆನೆಸಿದರೆ ಹಲ್ಲಿಲ್ಲದವರೂ ತಿನ್ನಬಹುದು. ಕಟ್ಟಿಗೆ ಒಲೆ ಬಿಟ್ಟು ಬಹಳ ವರ್ಷ ಆಯಿತು, ಒಂದು ಸಿಲಿಂಡರ್ ನನಗೆ ನಾಲ್ಕು ತಿಂಗಳು ಬರುತ್ತದೆ.

ದೂರದ ಊರಲ್ಲಿರುವ ಮಕ್ಕಳಿಗೆ ಒಂದು ಕಿವಿಮಾತು. ಫೋನಿನಲ್ಲಿ "ಊಟ ಆಯ್ತಾ?" ಅಂತ ಕೇಳಬೇಡಿ. ತಾಯಂದಿರು ಆಯಿತು ಅಂತಲೇ ಹೇಳುತ್ತಾರೆ. "ಇವತ್ತು ಏನು ಪಲ್ಯ?" ಅಂತ ಕೇಳಿ. ಉತ್ತರ ಹೇಳಲು ತಡವಾದರೆ ಗೊತ್ತಾಗುತ್ತದೆ.

ಬಿದ್ದುಗಿದ್ದರೆ ಯಾರು ನೋಡ್ತಾರೆ?

ಬಿದ್ದಿದ್ದೇನೆ. ಆರು ವರ್ಷದ ಹಿಂದೆ, ಬಚ್ಚಲಲ್ಲಿ. ನಯವಾದ ಕಲ್ಲಿನ ಮೇಲೆ ಸೋಪಿನ ನೀರು ನಿಂತಿತ್ತು. ಬಲಗೈ ಊರಿದೆ, ಮಣಿಕಟ್ಟಿನ ಎಲುಬು ಮುರಿಯಿತು. ಸೊಂಟವೂ ಹಿಡಿದುಕೊಂಡಿತು, ಏಳಲು ಆಗಲಿಲ್ಲ. ಫೋನು ಪಡಸಾಲೆಯಲ್ಲಿ ಚಾರ್ಜಿಗೆ ಹಾಕಿದ್ದೆ. ಮುಂಬಾಗಿಲ ಚಿಲಕ ಒಳಗಿನಿಂದ ಹಾಕಿತ್ತು. ಕೂಗಿದರೆ ಓಣಿಗೆ ಕೇಳುವುದಿಲ್ಲ. ಒಂದೂವರೆ ತಾಸು ಹಾಗೇ ಬಿದ್ದಿದ್ದೆ. ಆ ಒಂದೂವರೆ ತಾಸಿನಲ್ಲಿ ಮಗ ಹೇಳಿದ್ದೇ ಸರಿ ಅಂತಲೂ ಅನ್ನಿಸಿತು. ಮುಚ್ಚಿಡುವುದಿಲ್ಲ.

ಏಳು ಗಂಟೆಗೆ ಎದುರು ಮನೆಯ ಸೊಸೆ ಕಸ ಚೆಲ್ಲಲು ಹೊರಗೆ ಬಂದಿದ್ದಾಳೆ. ನನ್ನ ಅಂಗಳದಲ್ಲಿ ರಂಗೋಲಿ ಇಲ್ಲ. "ನರ್ಸಮ್ಮಾ, ಎದ್ದೀರೇನ್ರೀ?" ಅಂತ ಕೂಗಿದಳು. ಉತ್ತರ ಬರಲಿಲ್ಲ. ಸೀರೆ ಸೊಂಟಕ್ಕೆ ಸಿಕ್ಕಿಸಿ ಹಿತ್ತಲ ಗೋಡೆ ಹಾರಿ ಬಂದಳು. ಅವಳು ಹುಟ್ಟಿದಾಗ ಹೊಕ್ಕುಳಬಳ್ಳಿ ಕತ್ತರಿಸಿದವಳು ನಾನೇ.

ಅವತ್ತಿನಿಂದ ರಂಗೋಲಿ ನಮ್ಮಿಬ್ಬರ ನಡುವಿನ ಗುರುತು. ಆರೂವರೆಗೆ ಅಂಗಳದಲ್ಲಿ ರಂಗೋಲಿ ಇಲ್ಲ ಅಂದರೆ ಅವಳು ಬರುತ್ತಾಳೆ. ಬೀಗದ ಇನ್ನೊಂದು ಕೀ ಅವಳ ಹತ್ತಿರ ಇದೆ, ಒಳಚಿಲಕ ಹಾಕುವುದು ಬಿಟ್ಟಿದ್ದೇನೆ. ಊರಿಗೆ ಹೋಗುವುದಿದ್ದರೆ ಹಿಂದಿನ ದಿನವೇ ಹೇಳುತ್ತೇನೆ. ಬಚ್ಚಲಿನ ಕಲ್ಲು ತೆಗೆಸಿ ಒರಟು ಸಿಮೆಂಟು ಹಾಕಿಸಿದೆ. ಗೋಡೆಗೆ ಹಿಡಿದುಕೊಳ್ಳಲು ವೆಲ್ಡಿಂಗ್ ಅಂಗಡಿಯಲ್ಲಿ ಒಂದು ಕಬ್ಬಿಣದ ಪೈಪು ಮಾಡಿಸಿ ಕೂಡಿಸಿದೆ. ಕೂತು ಸ್ನಾನ ಮಾಡಲು ಪ್ಲಾಸ್ಟಿಕ್ ಕುರ್ಚಿ. ಫೋನು ಕೊರಳಿನ ಚೀಲದಲ್ಲಿ, ಬಚ್ಚಲಿಗೂ ಬರುತ್ತದೆ. ರಾತ್ರಿ ಎದ್ದಾಗ ತಟ್ಟನೆ ನಿಲ್ಲುವುದಿಲ್ಲ. ಮಂಚದ ಅಂಚಿಗೆ ಕೂತು ಇಪ್ಪತ್ತು ಎಣಿಸಿ ಆಮೇಲೆ ಏಳುತ್ತೇನೆ, ಬಿಪಿ ಗುಳಿಗೆ ತಗೊಳ್ಳುವವರಿಗೆ ಎದ್ದ ಕೂಡಲೇ ತಲೆ ತಿರುಗುವುದು ಜಾಸ್ತಿ. ಬಾಗಿಲ ಹಿಂದೆ ದೊಡ್ಡ ಅಕ್ಷರದಲ್ಲಿ ಒಂದು ಹಾಳೆ ಅಂಟಿಸಿದೆ. ನನ್ನ ಕಾಯಿಲೆ, ಗುಳಿಗೆಯ ಹೆಸರು, ಮಕ್ಕಳ ನಂಬರು, 108.

ಇದಕ್ಕೆಲ್ಲ ತಗುಲಿದ್ದು ಐದು ಸಾವಿರದ ಒಳಗೆ. ಬೀಳುವ ಮೊದಲೇ ಮಾಡಿಸಬೇಕಿತ್ತು.

ರಾತ್ರಿ ಹೆದರಿಕೆ ಆಗಲ್ವಾ?

ಕಳ್ಳರಿಗಿಂತ ಚೇಳಿನ ಹೆದರಿಕೆ ಜಾಸ್ತಿ, ಅದಕ್ಕೆ ಟಾರ್ಚು ಇದೆ. ಬಂಗಾರ ಬ್ಯಾಂಕಿನ ಲಾಕರಿನಲ್ಲಿದೆ. ಈಗ ಕಳ್ಳರು ಫೋನಿನಲ್ಲಿ ಬರುತ್ತಾರೆ. ಪೊಲೀಸ್ ಅಂತ ಹೇಳಿ ಹೆದರಿಸುತ್ತಾರೆ, ಪಿಂಚಣಿ ನಿಲ್ಲುತ್ತದೆ ಅಂತ ಓಟಿಪಿ ಕೇಳುತ್ತಾರೆ. ಒಬ್ಬರೇ ಇರುವವರಿಗೆ ಪಕ್ಕದಲ್ಲಿ ಯಾರನ್ನಾದರೂ ಕೇಳೋಣ ಅಂದರೆ ಆ ಹೊತ್ತಿಗೆ ಜನ ಇರುವುದಿಲ್ಲ. ಫೋನು ಇಟ್ಟುಬಿಡಿ, ಮಕ್ಕಳಿಗೆ ಹೇಳಿ. ದುಡ್ಡು ಹೋಗಿದ್ದರೆ ತಡ ಮಾಡದೆ 1930ಕ್ಕೆ ಫೋನು ಮಾಡಿ.

ಖರ್ಚಿಗೆ ಏನು ಮಾಡ್ತೀರಿ?

ನನಗೆ ಸರ್ಕಾರಿ ಪಿಂಚಣಿ ಬರುತ್ತದೆ. ಇದನ್ನು ಮೊದಲೇ ಹೇಳಬೇಕು. ಪಿಂಚಣಿ ಇರುವವಳು ಸರಳ ಜೀವನ ಚೆಂದ ಅನ್ನುವುದು ಸುಲಭ. ಅದಿಲ್ಲದವರ ಮುಂದೆ ನಾನು ಆ ಮಾತು ಆಡುವುದಿಲ್ಲ.

ಏನೂ ಇಲ್ಲದವರಿಗೆ ಸಂಧ್ಯಾ ಸುರಕ್ಷಾ ಇದೆ. 65 ವರ್ಷ ಆದ ಬಡವರಿಗೆ ತಿಂಗಳಿಗೆ 1,200 ರೂಪಾಯಿ. ಅರ್ಜಿ ನಾಡಕಚೇರಿಯಲ್ಲಿ. ಜೋಳ, ಗುಳಿಗೆ, ಚಹಾಪುಡಿಯಲ್ಲೇ ಅದು ಮುಗಿದುಹೋಗುತ್ತದೆ, ಆದರೂ ಯಾರ ಮುಂದೆಯೂ ಕೈ ಚಾಚದೆ ಅಷ್ಟು ಬರುತ್ತದಲ್ಲ. ಬರುತ್ತಿದ್ದ ಹಣ ನಿಂತರೆ ಮೊದಲು ನೋಡಬೇಕಾದ್ದು ಬ್ಯಾಂಕ್ ಖಾತೆಗೆ ಆಧಾರ್ ಜೋಡಣೆ ಸರಿಯಿದೆಯಾ ಅಂತ. ಎಷ್ಟೋ ಜನರ ಹಣ ನಿಂತಿರುವುದು ಅದೊಂದೇ ಕಾರಣಕ್ಕೆ. ಇನ್ನೊಂದು ತೊಂದರೆ ಬೆರಳಚ್ಚು. ಹೊಲದಲ್ಲಿ ದುಡಿದ ಕೈಗಳಲ್ಲಿ ಗೆರೆ ಸವೆದು ಹೋಗಿರುತ್ತವೆ, ರೇಷನ್ ಅಂಗಡಿಯ ಮಷೀನು ಹಿಡಿಯುವುದಿಲ್ಲ. ನಮ್ಮ ಓಣಿಯ ಮುದುಕಿಯೊಬ್ಬಳು ನಾಲ್ಕು ಸಲ ಹೆಬ್ಬೆಟ್ಟು ಒತ್ತಿ, ಸೆರಗಿಗೆ ಒರೆಸಿಕೊಂಡು, ಮತ್ತೆ ಒತ್ತಿ, ಚೀಲ ಖಾಲಿ ಹಿಡಿದು ಬಂದದ್ದನ್ನು ನೋಡಿದ್ದೇನೆ. ಐವತ್ತು ವರ್ಷ ಕಳೆ ಕಿತ್ತ ಬೆರಳು ಅವು. ಜೊತೆಗೆ ಹೋಗಿ ಒಂದು ಮಾತು ಹೇಳುವವರು ಬೇಕು, ನಾನು ಹೋಗುತ್ತೇನೆ.

ಹಾಗಾದ್ರೆ ನಮ್ಮ ತಾಯಿಯನ್ನೂ ಊರಲ್ಲಿ ಒಬ್ಬಳೇ ಬಿಡಬಹುದಾ?

ನನ್ನನ್ನು ನೋಡಿ ಈ ತೀರ್ಮಾನಕ್ಕೆ ಬರಬೇಡಿ. ಇದನ್ನು ಬರೆಯಲು ಕೂತದ್ದೇ ಈ ಮಾತು ಹೇಳಲು.

ನಾನು ಒಬ್ಬಳೇ ಇರುವುದನ್ನು ಆರಿಸಿಕೊಂಡೆ. ನನಗೆ ಪಿಂಚಣಿ ಇದೆ, ಓದು ಬರಹ ಇದೆ, ಫೋನು ಮಾಡಿದರೆ ಓಡಿ ಬರುವ ಮಕ್ಕಳಿದ್ದಾರೆ. ಬೇಡ ಅನ್ನಿಸಿದರೆ ನಾಳೆ ಬೆಂಗಳೂರಿನ ರೈಲು ಹತ್ತಬಹುದು. ಹೋಗಬಹುದು ಅನ್ನುವುದು ಗೊತ್ತಿರುವುದರಿಂದಲೇ ಇಲ್ಲಿ ನೆಮ್ಮದಿಯಾಗಿದ್ದೇನೆ.

ನಮ್ಮ ಓಣಿಯಲ್ಲೇ ಇನ್ನೂ ಮೂರು ಮನೆಗಳಲ್ಲಿ ಮುದುಕಿಯರು ಒಬ್ಬೊಬ್ಬರೇ ಇದ್ದಾರೆ. ಅವರು ಆರಿಸಿಕೊಂಡಿಲ್ಲ. ಮಳೆ ಕೈಕೊಟ್ಟರೆ, ಸುಗ್ಗಿ ಮುಗಿದರೆ ನಮ್ಮ ಸೀಮೆಯ ಜನ ಗುಳೆ ಹೋಗುತ್ತಾರೆ. ಕೊಪ್ಪಳ, ರಾಯಚೂರು ಎರಡೂ ಕಡೆ ಇದೇ ಕತೆ. ಮಗ ಸೊಸೆ ಬೆಂಗಳೂರಿನಲ್ಲಿ ಕಟ್ಟಡದ ಕೆಲಸಕ್ಕೆ ಹೋದರೆ ಮನೆಯಲ್ಲಿ ಉಳಿಯುವುದು ಮುದುಕಿ, ಒಂದು ಎಮ್ಮೆ, ಒಮ್ಮೊಮ್ಮೆ ಶಾಲೆಗೆ ಹೋಗುವ ಮೊಮ್ಮಗ. ಕಾಲುವೆ ನೀರು ಬರುವ ಗಂಗಾವತಿ ಕಡೆ ಭತ್ತದ ಕೆಲಸವಾದರೂ ಇದೆ. ನಮ್ಮದು ಮಳೆ ನಂಬಿದ ಎರೆ ಹೊಲ. ಗುಳೆ ಹೋದ ಮಕ್ಕಳದು ತಪ್ಪು ಅಂತ ನಾನು ಹೇಳುವುದಿಲ್ಲ, ಹೊಟ್ಟೆ ಕೇಳಬೇಕಲ್ಲ. ಆದರೆ ಆ ಮುದುಕಿಯ ಮೌನವೂ ನನ್ನ ಮೌನವೂ ಒಂದೇ ಅಂತ ತಿಳಿಯಬೇಡಿ. ನಾನು ಸಂಜೆ ಕಟ್ಟೆ ಮೇಲೆ ಕೂತರೆ ತಂಪು ಗಾಳಿಗೆ. ಅವಳು ಕೂತರೆ ಬಸ್ಸು ನೋಡಲು.

ನಿಮ್ಮ ತಾಯಿ ಇವೆರಡರಲ್ಲಿ ಯಾವುದು ಅಂತ ನೀವೇ ಹೋಗಿ ತಿಳಿಯಬೇಕು. ಫೋನಿನಲ್ಲಿ ಕೇಳಿದರೆ "ನನಗೇನಾಗೇತಿ, ಆರಾಮ ಅದೀನಿ" ಅಂತಾರೆ. ಎರಡು ದಿನ ಹೋಗಿ ಇರಿ. ಹಿಟ್ಟಿನ ಡಬ್ಬಿ ತೆರೆದು ನೋಡಿ. ಗುಳಿಗೆಯ ಪಟ್ಟಿ ಎಣಿಸಿ, ತಗೊಂಡಿದ್ದಾರಾ ಇಲ್ವಾ ಗೊತ್ತಾಗುತ್ತದೆ. ಕಣ್ಣಿಗೆ ಪೊರೆ ಬಂದಿದೆಯಾ ನೋಡಿ, ಪೊರೆ ಬಂದವರು ಸೂಜಿಗೆ ದಾರ ಪೋಣಿಸುವುದು ಬಿಟ್ಟಿರುತ್ತಾರೆ, ಅಕ್ಕಿಯಲ್ಲಿ ಕಲ್ಲು ಉಳಿದಿರುತ್ತದೆ. ಪಕ್ಕದ ಮನೆಯವರ ಜೊತೆ ಕೂತು ಚಹಾ ಕುಡಿದು ಬನ್ನಿ, ಅವರ ನಂಬರು ನಿಮ್ಮ ಫೋನಿನಲ್ಲಿ ಇರಲಿ. ಆಮೇಲೆ ತಾಯಿಯನ್ನು ನೇರವಾಗಿ ಕೇಳಿ, ಬರ್ತೀಯಾ ಅಂತ. ಬರುತ್ತೇನೆ ಅಂದರೆ ಕರೆದುಕೊಂಡು ಹೋಗಿ.

ಮನೆ, ಹೊಲ ಮಕ್ಕಳ ಹೆಸರಿಗೆ ಬರೆದುಕೊಡಬೇಕಾ?

ನಾನು ಬರೆದುಕೊಟ್ಟಿಲ್ಲ. ಮಕ್ಕಳೂ ಕೇಳಿಲ್ಲ. ದಾನಪತ್ರ ಮಾಡುವುದಿದ್ದರೆ "ಕೊನೆಯವರೆಗೆ ನೋಡಿಕೊಳ್ಳಬೇಕು" ಅನ್ನುವ ಷರತ್ತು ಪತ್ರದಲ್ಲೇ ಬರೆಸಬೇಕು. ಹಾಗೆ ಬರೆಸಿದ್ದು, ಆಮೇಲೆ ನೋಡಿಕೊಳ್ಳದಿದ್ದರೆ, ಹಿರಿಯ ನಾಗರಿಕರ ರಕ್ಷಣೆಗೆ 2007ರಲ್ಲಿ ಬಂದ ಕಾಯ್ದೆಯ ಪ್ರಕಾರ ಆ ಪತ್ರ ರದ್ದು ಮಾಡಿಸಬಹುದು. ಜೀವನಾಂಶಕ್ಕೂ ಇದೇ ಕಾಯ್ದೆಯಲ್ಲಿ ಅರ್ಜಿ ಹಾಕಬಹುದು, ಉಪವಿಭಾಗಾಧಿಕಾರಿ ಕೇಳುತ್ತಾರೆ, ವಕೀಲರು ಬೇಕಿಲ್ಲ. ಹೇಗೆ ಏನು ಅಂತ ತಿಳಿಯದಿದ್ದರೆ ಹಿರಿಯರ ಸಹಾಯವಾಣಿ 14567.

ಜಾತ್ರೆ, ಹಬ್ಬಕ್ಕೆ ಒಬ್ಬರೇ ಏನು ಮಾಡ್ತೀರಿ?

ಎಳ್ಳು ಅಮಾವಾಸ್ಯೆಗೆ ಮಕ್ಕಳು ಬಂದರೆ ಅವರ ಜೊತೆ, ಬಾರದಿದ್ದರೆ ಎದುರು ಮನೆಯವರ ಎತ್ತಿನ ಬಂಡಿಯಲ್ಲಿ ಹೊಲಕ್ಕೆ ಹೋಗಿ ಚರಗ, ಅಂದರೆ ಭೂತಾಯಿಗೆ ನೈವೇದ್ಯ, ಚೆಲ್ಲಿ ಬರುತ್ತೇನೆ. ಆ ಹೊತ್ತಿಗೆ ಹಿಂಗಾರಿ ಜೋಳ ಎದೆಯೆತ್ತರ ನಿಂತಿರುತ್ತದೆ.

ಜನವರಿಯಲ್ಲಿ ಕೊಪ್ಪಳದ ಗವಿಮಠದ ಜಾತ್ರೆ. ದಾಸೋಹಕ್ಕೆ ಸುತ್ತಲಿನ ಊರುಗಳಿಂದ ಲಕ್ಷಗಟ್ಟಲೆ ರೊಟ್ಟಿ ಟ್ರ್ಯಾಕ್ಟರಿನಲ್ಲಿ ಹೋಗುತ್ತವೆ. ನನ್ನ ಪಾಲು ಐವತ್ತು. ವರ್ಷವೆಲ್ಲ ದಿನಕ್ಕೆ ಮೂರು ಬಡಿಯುವ ಕೈ ಆವತ್ತು ಐವತ್ತು ಬಡಿಯುತ್ತದೆ. ಓಣಿಯ ಹೆಂಗಸರು ನನ್ನ ಪಡಸಾಲೆಯಲ್ಲೇ ಸೇರುತ್ತಾರೆ, ನಾಲ್ಕು ಒಲೆ ಉರಿಯುತ್ತವೆ, ಮಾತಿಗೆ ಮಾತು, ನಗು. ರಾತ್ರಿ ಎಲ್ಲರೂ ಹೋದ ಮೇಲೆ ಮನೆಯಲ್ಲಿ ಸುಟ್ಟ ಹಿಟ್ಟಿನ ವಾಸನೆ ತುಂಬಿರುತ್ತದೆ. ನಾನು ಯಾರೋ ಉಣ್ಣುವ ರೊಟ್ಟಿ ಮಾಡಿದ್ದೇನೆ, ಅವರು ಯಾರು ಅಂತ ಎಂದೂ ಗೊತ್ತಾಗುವುದಿಲ್ಲ. ಹೆರಿಗೆ ಮಾಡಿಸಿದ ಎಷ್ಟೋ ಮಕ್ಕಳೂ ಹಾಗೇ.

ನಿಜವಾಗ್ಲೂ ಸುಖ ಅನ್ನಿಸೋದು ಯಾವಾಗ?

ಬೇಸಿಗೆ ರಾತ್ರಿ. ನಮ್ಮಲ್ಲಿ ಏಪ್ರಿಲ್, ಮೇ ತಿಂಗಳಲ್ಲಿ ಬಿಸಿಲು 40 ಡಿಗ್ರಿ ದಾಟುತ್ತದೆ. ಹಗಲೆಲ್ಲ ಬಾಗಿಲು ಮುಚ್ಚಿ, ಮಜ್ಜಿಗೆ ಅಂಬಲಿ ಕುಡಿದು ಒಳಗೇ ಇರುವುದು. ಬಾಯಾರಿಕೆ ಆಗದಿದ್ದರೂ ತಾಸಿಗೊಮ್ಮೆ ಕುಡಿಯಬೇಕು, ವಯಸ್ಸಾದವರಿಗೆ ಬಾಯಾರಿಕೆ ತಿಳಿಯುವುದೇ ಕಡಿಮೆ. ರಾತ್ರಿ ಮಾಳಿಗೆ ಹತ್ತುತ್ತೇನೆ. ಸಂಜೆಯೇ ಎರಡು ಕೊಡ ನೀರು ಚೆಲ್ಲಿರುತ್ತೇನೆ, ಮಣ್ಣಿನ ಮಾಳಿಗೆ ಒಂಬತ್ತರ ಹೊತ್ತಿಗೆ ತಂಪಾಗುತ್ತದೆ. ಮೆಟ್ಟಿಲಿಗೆ ಕಂಬಿ ಹಾಕಿಸಿದ್ದೇನೆ.

ಕೌದಿ ಹಾಸಿ ಮಲಗಿದರೆ ಸುತ್ತ ಗುಡ್ಡದ ಸಾಲಿನ ಮೇಲೆ ಗಾಳಿ ಫ್ಯಾನುಗಳ ಕೆಂಪು ದೀಪ ಒಮ್ಮೆ ಹತ್ತಿ ಒಮ್ಮೆ ಆರುತ್ತವೆ. ಹೊಸ ಹಳಿ ಬಂದ ಮೇಲೆ ಒಮ್ಮೊಮ್ಮೆ ದೂರದಲ್ಲಿ ರೈಲು ಕೂಗುತ್ತದೆ. ಪಕ್ಕದ ಮಾಳಿಗೆಯಲ್ಲಿ ಕೂಸು ಅತ್ತು ಸುಮ್ಮನಾಗುತ್ತದೆ. ನೌಕರಿಯ ದಿನಗಳಲ್ಲಿ ಇಂಥ ರಾತ್ರಿ ಬಾಗಿಲು ಬಡಿಯುತ್ತಿದ್ದರು, "ನರ್ಸಮ್ಮಾ, ನೋವು ಶುರು ಆಗ್ಯಾವು, ಲಗು ಬರ್ರಿ" ಅಂತ. ಲಾಟೀನು ಹಿಡಿದು ಹೋಗುತ್ತಿದ್ದೆ. ಈಗ ಯಾರೂ ಬಡಿಯುವುದಿಲ್ಲ. ನಿದ್ದೆ ಬರುವವರೆಗೆ ಎಚ್ಚರ ಇರುತ್ತೇನೆ, ಆ ಎಚ್ಚರ ಕೂಡ ನನ್ನದೇ.

ಸಾವಿನ ಬಗ್ಗೆ ಯೋಚನೆ ಬರಲ್ವಾ?

ಬರುತ್ತದೆ, ಹೆದರಿಕೆ ಇಲ್ಲ. ಯಾರಿಗೆ ಏನು ಕೊಡಬೇಕು, ಯಾರಿಗೆ ಮೊದಲು ಫೋನು ಮಾಡಬೇಕು ಎಲ್ಲ ಬರೆದು ಟ್ರಂಕಿನಲ್ಲಿ ಇಟ್ಟಿದ್ದೇನೆ. ಎದುರು ಮನೆಯವಳಿಗೆ ಗೊತ್ತಿದೆ.

ಎಲ್ಲಿವರೆಗೆ ಒಬ್ಬರೇ ಇರ್ತೀರಿ?

ನನ್ನ ಸ್ನಾನ ನಾನು ಮಾಡಿಕೊಳ್ಳುವವರೆಗೆ, ಗುಳಿಗೆ ಮರೆಯದಿರುವವರೆಗೆ. ಒಲೆ ಹಚ್ಚಿಟ್ಟು ಮರೆತರೆ, ಅದೇ ಮಾತು ತಿರುಗಿ ಕೇಳಿದರೆ ಹೇಳಬೇಕು ಅಂತ ಮಗಳಿಗೆ ಹೇಳಿದ್ದೇನೆ. ಹೇಳಿದ ದಿನ ಹಟ ಮಾಡದೆ ಹುಬ್ಬಳ್ಳಿಗೆ ಹೋಗುತ್ತೇನೆ ಅಂತ ಮಾತು ಕೊಟ್ಟಿದ್ದೇನೆ. ಆ ಮಾತು ಕೊಟ್ಟ ಮೇಲೆ ಅವಳು ರಾತ್ರಿ ನೆಮ್ಮದಿಯಾಗಿ ನಿದ್ದೆ ಮಾಡುತ್ತಾಳೆ.

ನಿಮ್ಮನ್ನು ನೋಡಲು ಬರಬೇಕು. ಏನು ತರಲಿ?

ಡಜನ್ ಬಾಳೆಹಣ್ಣು, ಕಿಲೋ ಸೇಬು ಬೇಡ. ಒಬ್ಬಳಿಗೆ ಕೊಳೆತು ಹೋಗುತ್ತವೆ, ಹಂಚಲು ಓಣಿಯೆಲ್ಲ ತಿರುಗಬೇಕಾಗುತ್ತದೆ. ಸ್ವೀಟಿನ ಡಬ್ಬಿಯೂ ಬೇಡ. ಎರಡು ಲಿಂಬೆಹಣ್ಣು ತನ್ನಿ, ಇಲ್ಲಾ ಬದನೆ ಬೀಜ ಸಿಕ್ಕರೆ ಒಂದು ಚೀಟಿ ತನ್ನಿ. ಹಿಂದಿನ ದಿನ ಫೋನು ಮಾಡಿ, ಗಿರಣಿಗೆ ಅರ್ಧ ಕಿಲೋ ಜಾಸ್ತಿ ಜೋಳ ಒಯ್ಯುತ್ತೇನೆ.